ಕಾರ್ಗಲ್ಲಿನ ಸೋಡಾ ಮಷೀನು

ಗುತ್ಯಪ್ಪನ ಬಲಗಣ್ಣು ಹೋದದ್ದು ಅರವತ್ಮೂರನೇ ಇಸವಿಯ ಬೇಸಗೆಯಲ್ಲಿ, ಕಾರ್ಗಲ್ಲಿನ ಸೋಡಾ ಶೆಡ್ಡಿನಲ್ಲಿ. ಅಣೆಕಟ್ಟೆಯ ಕೆಲಸ ಜೋರಾಗಿ ನಡೆಯುತ್ತಿದ್ದ ಕಾಲ. ಕೂಲಿಗಳು, ಲಾರಿ ಡ್ರೈವರುಗಳು, ಮೇಸ್ತ್ರಿಗಳು ಎಂದು ಊರ ತುಂಬ ಜನ. ಬಿಸಿಲು ಏರಿತೆಂದರೆ ಎಲ್ಲರಿಗೂ ಗೋಲಿ ಸೋಡಾ ಬೇಕು. ಸಾಗರದಲ್ಲಿ ಸೋಡಾ ಫ್ಯಾಕ್ಟರಿ ಇಟ್ಟಿದ್ದ ಮಂಜುನಾಥಪ್ಪ ಇದನ್ನು ನೋಡಿ ಕಾರ್ಗಲ್ಲಿನಲ್ಲೊಂದು ತಗಡಿನ ಶೆಡ್ಡು ಹಾಕಿ ಎರಡನೇ ಮಷೀನು ಕೂರಿಸಿದ್ದ. ಅಲ್ಲಿ ಗುತ್ಯಪ್ಪ ಹಿಡಿಕೆ ತಿರುಗಿಸುತ್ತಿದ್ದ. ಅವನ ತಮ್ಮ ಜಯಪ್ಪ ಗ್ಯಾಸು ಬಿಡುತ್ತಿದ್ದ. ಹೆಂಡತಿ ಹುಲಿಯಮ್ಮ ಶೆಡ್ಡಿನ ಹಿಂದೆ ಕೂತು ಬಾಟಲಿ ತೊಳೆಯುತ್ತಿದ್ದಳು.

ಆ ಮಷೀನಿನ ನಡುವೆ ಮೂರು ಬಾಟಲಿ ಹಿಡಿಯುವ ಕಬ್ಬಿಣದ ಗೂಡು. ನೀರು ತುಂಬಿದ ಬಾಟಲಿಗಳನ್ನು ಅದರೊಳಗಿಟ್ಟು, ಮುಚ್ಚಳ ಮುಚ್ಚಿ, ಕೊಂಡಿ ಬಿಗಿದು, ಗ್ಯಾಸು ಬಿಟ್ಟು ಗರಗರ ತಿರುಗಿಸಬೇಕು. ಸವೆದ ಬಾಟಲಿ ಒಂದೊಂದು ಸಲ ಒಳಗೇ ಸಿಡಿಯುವುದುಂಟು. ಮುಚ್ಚಳ ಗಟ್ಟಿಯಿದ್ದರೆ ಏನೂ ಆಗುವುದಿಲ್ಲ. ಆ ವರ್ಷ ಯುಗಾದಿ ಕಳೆದ ಮೇಲೆ ಕೊಂಡಿ ಮುರಿಯಿತು. ಗುತ್ಯಪ್ಪ ಯಜಮಾನನಿಗೆ ಹೇಳಿದ.

"ಈಗ ಮಷೀನು ನಿಲ್ಸಿದ್ರೆ ಸೀಜನ್ನೇ ಹೋಯ್ತಲ್ಲೋ. ಮಳೆ ಹಿಡಿಯೋ ತಂಕ ತಂತಿ ಸುತ್ತಿ ನಡ್ಸು" ಎಂದ ಮಂಜುನಾಥಪ್ಪ. ತಂತಿ ಸುತ್ತಿದವನು ಜಯಪ್ಪ.

ಹದಿನೆಂಟು ದಿನ ತಂತಿ ತಡೆಯಿತು. ಹತ್ತೊಂಬತ್ತನೇ ದಿನ ಮಧ್ಯಾಹ್ನ ಬಾಟಲಿ ಸಿಡಿದು ಮುಚ್ಚಳ ತಂತಿಯನ್ನೂ ಕಿತ್ತುಕೊಂಡು ಹಾರಿತು. ಹುಲಿಯಮ್ಮ ಓಡಿ ಬಂದಾಗ ಗಂಡ ಎರಡೂ ಕೈಯಲ್ಲಿ ಮುಖ ಮುಚ್ಚಿಕೊಂಡು ನೆಲದ ಮೇಲೆ ಕೂತಿದ್ದ. ಬೆರಳ ಸಂದಿಯಿಂದ ರಕ್ತ ಇಳಿದು ಮೊಣಕೈಯವರೆಗೆ ಬಂದಿತ್ತು.

ಗುತ್ಯಪ್ಪ ಆಸ್ಪತ್ರೆಯಲ್ಲಿ ಮಲಗಿದ್ದಾಗಲೇ ಮಂಜುನಾಥಪ್ಪ ಕಮ್ಮಾರನನ್ನು ಕರೆಸಿ ಕೊಂಡಿ ಬೆಸೆಸಿದ. ನೋಡಲು ಬಂದವರಿಗೆಲ್ಲ ಅದನ್ನು ಹಿಡಿದು ಅಲ್ಲಾಡಿಸಿ ತೋರಿಸಿದ. "ನೋಡಿ, ಕೊಂಡಿ ಕಲ್ಲಿದ್ದಂಗೆ ಇದೆ. ಬೆಳಿಗ್ಗೇನೇ ಕುಡ್ದು ಬಂದ್ರೆ ಕೊಂಡಿ ಹಾಕದೇ ಮರ್ತು ಹೋಗ್ತದೆ. ನಾನೆಂತ ಮಾಡ್ಲಿ?" ಗುತ್ಯಪ್ಪ ಹುಟ್ಟಿದಾರಭ್ಯ ಹೆಂಡ ಮುಟ್ಟಿದವನಲ್ಲ. ಆದರೆ ಕೂಲಿಯವನು ಕುಡಿದಿದ್ದ ಎಂದರೆ ಯಾರೂ ಎರಡನೇ ಮಾತು ಕೇಳುವುದಿಲ್ಲ. ಜಯಪ್ಪನನ್ನು ಕೇಳಿದರೆ ಅವನು ನೆಲ ನೋಡುತ್ತ, "ನಾನು ಆಗ ಹೊರಗಿದ್ದೆ" ಎಂದ.

"ಅವನಿಗೂ ಹೊಟ್ಟೆಪಾಡಲ್ವಾ, ಬಿಡು" ಎಂದ ಗುತ್ಯಪ್ಪ. ಗುತ್ಯಪ್ಪನ ಸ್ವಭಾವವೇ ಹಾಗೆ. ಮಳೆಯಲ್ಲಿ ನೆಂದ ಸೌದೆಯ ಹಾಗೆ, ಎಷ್ಟು ಊದಿದರೂ ಉರಿ ಏಳದು. ಹುಲಿಯಮ್ಮ ಬೇರೆ ಜಾತಿಯ ಸೌದೆ.

ಅವಳು ಗಂಡನನ್ನು ಕರೆದುಕೊಂಡು ಹೊಸನಗರಕ್ಕೆ ಬಂದಳು. ಅವಳ ತವರು ಅಲ್ಲಿಂದ ಎರಡು ಮೈಲಿ. ಒಂದು ವರ್ಷ ಇಬ್ಬರೂ ಗದ್ದೆ ಕೆಲಸಕ್ಕೆ ಹೋದರು. ಕಣ್ಣೊಂದೇ ಆದ ಮೇಲೆ ಗುತ್ಯಪ್ಪನಿಗೆ ಗದ್ದೆ ಅಂಚಿನ ಮೇಲೆ ನಡೆಯುವುದೇ ಕಷ್ಟವಾಯಿತು. ಕಾಲು ಜಾರಿ ಬಿದ್ದಾಗೆಲ್ಲ ಯಾರಾದರೊಬ್ಬರು "ಇವತ್ತೂ ಹಾಕ್ಕಂಡು ಬಂದಿಯೇನೋ" ಎಂದು ನಗುವರು. ಮಾತು ಕಾರ್ಗಲ್ಲಿನಿಂದ ಇಲ್ಲಿಗೂ ನಡೆದು ಬಂದಿತ್ತು. ಒಂದು ದಿನ ಹುಲಿಯಮ್ಮ ಕೊರಳ ಚಿನ್ನದ ಗುಂಡಿನ ಸರ ತೆಗೆದು ಸೆರಗಿನಲ್ಲಿ ಗಂಟು ಹಾಕಿಕೊಂಡಳು. ಶಿವಮೊಗ್ಗಕ್ಕೆ ಹೋಗಿ ಅದನ್ನು ಮಾರಿ, ಯಾರೋ ಬಾಗಿಲು ಹಾಕಿದ ಸೋಡಾ ಅಂಗಡಿಯ ಹಳೇ ಮಷೀನು, ಎಂಟು ಡಜನ್ ಬಾಟಲಿ ಕೊಂಡು ಲಾರಿಯಲ್ಲಿ ಬಂದಿಳಿದಳು.

"ಎಂತಕ್ಕೇ ಇದೆಲ್ಲ?" ಗುತ್ಯಪ್ಪ ಮಷೀನಿನಿಂದ ಮಾರುದೂರ ನಿಂತು ಕೇಳಿದ.

"ಮಂಜುನಾಥಪ್ಪ ಸೋಡಾದಿಂದ ದೊಡ್ಡೋನಾದ. ಸೋಡಾದಿಂದ್ಲೇ ಅವನ್ನ ಸಣ್ಣೋನು ಮಾಡ್ತೀನಿ."

ಮಷೀನು ಕೂರಿಸಿದ್ದೇನೋ ಆಯಿತು, ತಿರುಗಿಸುವವರು ಯಾರು? ಗುತ್ಯಪ್ಪ ಹಿಡಿಕೆ ಮುಟ್ಟಿದರೆ ಕೈ ಗಡಗಡ ನಡುಗುತ್ತಿತ್ತು. ಅಷ್ಟರಲ್ಲಿ ದೀಪಾವಳಿಗೆ ಜಯಪ್ಪ ಬಂದ. ಅಣೆಕಟ್ಟೆ ಮುಗಿದು ಕ್ಯಾಂಪುಗಳು ಖಾಲಿಯಾಗುತ್ತಿದ್ದವು, ಕಾರ್ಗಲ್ಲಿನಲ್ಲಿ ಸೋಡಾ ಕೇಳುವವರಿಲ್ಲ, ಯಜಮಾನ ಶೆಡ್ಡು ಮುಚ್ಚುತ್ತಾನಂತೆ ಎಂದ. "ಅತ್ತಿಗೆ, ನಂಗೆ ಎರಡು ಹೊತ್ತು ಊಟ ಹಾಕಿ. ಮಷೀನು ನಾನು ನಡೆಸ್ತೀನಿ." ಅವನ ಮುಖ ನೋಡಿ ಹುಲಿಯಮ್ಮನಿಗೆ ಹಳೆಯದು ನೆನಪಾಗದೆ ಇರಲಿಲ್ಲ. ಆದರೂ ಗಂಡನ ಒಡಹುಟ್ಟಿದವನು, ಊಟ ಕೇಳುತ್ತಿದ್ದಾನೆ. ಬಾ ಎಂದಳು.

ಜಯಪ್ಪ ಕೆಲಸಗಾರ, ಅದರಲ್ಲಿ ಎರಡು ಮಾತಿಲ್ಲ. ವಾಷರ್ ಬದಲಿಸುವುದು, ಗ್ಯಾಸು ಎಷ್ಟು ಬಿಟ್ಟರೆ ಗೋಲಿ ಬಿಗಿಯಾಗಿ ಕೂರುತ್ತದೆ, ಯಾವ ಬಾಟಲಿ ಇನ್ನೊಂದು ಬೇಸಗೆ ಬಾಳುವುದಿಲ್ಲ ಎಂದು ಬೆಳಕಿಗೆ ಹಿಡಿದು ನೋಡುವುದು, ಎಲ್ಲವನ್ನೂ ಅತ್ತಿಗೆಗೆ ಕಲಿಸಿದ. ಹುಲಿಯಮ್ಮ ಕಲಿತಳು. ಬಸ್ ಸ್ಟ್ಯಾಂಡಿನ ಹತ್ತಿರ ಹೋಟೆಲು ಇಟ್ಟಿದ್ದ ಸುಬ್ಬರಾಯ ಭಟ್ಟರು ಮೊದಲು ದಿನಕ್ಕೆ ಅರ್ಧ ಡಜನ್, ಆಮೇಲೆ ಎರಡು ಡಜನ್ ತೆಗೆದುಕೊಂಡರು. ಅರವತ್ತೈದರ ಬೇಸಗೆ ಮುಗಿಯುವುದರೊಳಗೆ ಹೊಸನಗರದ ಒಂಬತ್ತು ಅಂಗಡಿಯಲ್ಲಿ ಹುಲಿಯಮ್ಮನ ಸೋಡಾ ಇತ್ತು. ಗುತ್ಯಪ್ಪ ಅಂಗಡಿಗಳಿಗೆ ಹೋಗಿ ಖಾಲಿ ಬಾಟಲಿ ಎಣಿಸಿ ತರುತ್ತಿದ್ದ. ಅವನ ಮುಖದಲ್ಲಿ ನಗು ಕಾಣುತ್ತಿತ್ತು.

ಮರುವರ್ಷ ಶಿವರಾತ್ರಿ ಹತ್ತಿರ ಬಂದಾಗ ಜಯಪ್ಪ ಸಾಗರಕ್ಕೆ ಹೋಗಿಬರುತ್ತೇನೆಂದು ಹೋದ. ಎಂಟು ದಿನ ಬರಲಿಲ್ಲ. ಒಂಬತ್ತನೇ ದಿನ ಭಟ್ಟರ ಹೋಟೆಲಿಗೆ ಸೋಡಾ ಹೊತ್ತು ಹೊರಟ ಹುಲಿಯಮ್ಮ ಬಸ್ ಸ್ಟ್ಯಾಂಡಿನ ಎದುರು ನಿಂತುಬಿಟ್ಟಳು. ಬಹಳ ದಿನದಿಂದ ಬಾಗಿಲು ಮುಚ್ಚಿದ್ದ ಅಕ್ಕಸಾಲಿಗನೊಬ್ಬನ ಅಂಗಡಿ ತೆರೆದಿತ್ತು. ಮೇಲೆ ಹೊಸ ಬೋರ್ಡು: ಸಾಗರ ಸೋಡಾ, ಹೊಸನಗರ ಬ್ರಾಂಚು. ಒಳಗೆ ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ಜಯಪ್ಪ ನಿಂತಿದ್ದ.

ಕಾರ್ಗಲ್ಲಿನಲ್ಲಿ ಕೆಲಸವಿಲ್ಲದೆ ಬಿದ್ದಿದ್ದ ಮಷೀನನ್ನು ಮಂಜುನಾಥಪ್ಪ ಇಲ್ಲಿಗೆ ಕಳಿಸಿದ್ದ. ಯಾವ ಅಂಗಡಿ ಎಷ್ಟು ತೆಗೆದುಕೊಳ್ಳುತ್ತದೆ, ಯಾರಿಗೆ ಶುಂಠಿ ಬೇಕು, ಯಾರಿಗೆ ಬಣ್ಣ ಬೇಕು, ಎಲ್ಲ ಜಯಪ್ಪನಿಗೆ ಗೊತ್ತು. ಶಿವಮೊಗ್ಗದಿಂದ ಯಾರಾದರೂ ಬಂದು ಪೈಪೋಟಿಗೆ ನಿಂತಾರು ಎಂದು ಹುಲಿಯಮ್ಮ ಅಂದುಕೊಂಡಿದ್ದಳು. ತನ್ನ ಮನೆಯ ಒಲೆಯ ಮುಂದೆ ಕೂತು ಉಂಡವನೇ ನಿಂತಾನು ಎಂದು ಕನಸಿನಲ್ಲೂ ಎಣಿಸಿರಲಿಲ್ಲ.

"ಎಂತ ಜಯಪ್ಪ ಇದು?"

"ಅತ್ತಿಗೆ, ಊರು ದೊಡ್ಡದಿದೆ. ನೀವೂ ಮಾಡಿ, ನಾನೂ ಮಾಡ್ತೀನಿ." ಹೇಳುವಾಗ ಅವನು ಮತ್ತೆ ನೆಲ ನೋಡಿದ.

ನೀನೂ ಮಾಡು ನಾನೂ ಮಾಡುತ್ತೇನೆ ಎಂಬಷ್ಟಕ್ಕೇ ನಿಂತಿದ್ದರೆ ಹುಲಿಯಮ್ಮ ಸಹಿಸುತ್ತಿದ್ದಳೋ ಏನೋ. ತಿಂಗಳೊಳಗೆ ಮೂರು ಅಂಗಡಿಯವರು ಬೇಡ ಎಂದರು. ಯಾಕೆಂದು ಯಾರೂ ಬಾಯಿ ಬಿಡಲಿಲ್ಲ. ಕೊನೆಗೆ ಸುಬ್ಬರಾಯ ಭಟ್ಟರು ಗಲ್ಲಾಪೆಟ್ಟಿಗೆಯ ಹಿಂದೆ ಕೂತು ಇರುಸುಮುರುಸಾಗಿ ಹೇಳಿದರು: "ನಾನು ನಂಬಿಲ್ಲ ಹುಲಿಯಮ್ಮ. ಆದ್ರೆ ನಿನ್ನ ಮೈದುನ ಎಲ್ಲಾ ಅಂಗಡಿಗೂ ಹೋಗಿ ಹೇಳ್ತಿದಾನೆ. ಅಣ್ಣ ಕುಡ್ದೇ ಕಣ್ಣು ಕಳ್ಕೊಂಡ, ಈಗ ಅವನ ಕೈಲಿ ತುಂಬಿದ ಬಾಟ್ಲಿ ನಿಮ್ಮ ಗಿರಾಕಿ ಮುಖಕ್ಕೆ ಸಿಡಿದ್ರೆ ಯಾರು ಹೊಣೆ ಅಂತ."

ಹುಲಿಯಮ್ಮ ಬುಟ್ಟಿ ಎತ್ತಿಕೊಂಡು ಮನೆಗೆ ಬಂದಳು. ದಾರಿಯುದ್ದಕ್ಕೂ ಅವಳ ಕಿವಿಯಲ್ಲಿ ಬಿಸಿನೀರು ಹೊಯ್ದ ಹಾಗೆ ಆಗುತ್ತಿತ್ತು. ಯಜಮಾನ ಸುಳ್ಳು ಹೇಳಿದ್ದು ತನ್ನ ತಪ್ಪು ಮುಚ್ಚಿಕೊಳ್ಳಲು. ತಮ್ಮನಾದವನು ಆ ಸುಳ್ಳನ್ನು ಬಾಟಲಿಗೆ ತುಂಬಿ ಮಾರುತ್ತಿದ್ದಾನೆ. ಅಣ್ಣನ ಕಣ್ಣನ್ನೇ ವ್ಯಾಪಾರಕ್ಕೆ ಇಟ್ಟಿದ್ದಾನೆ.

ಗಂಡನಿಗೆ ಅವಳು ಹೇಳಲಿಲ್ಲ. ಆದರೆ ಅವನಿಗೆ ಗೊತ್ತಿತ್ತು. ಖಾಲಿ ಬಾಟಲಿ ತರಲು ಹೋದಲ್ಲಿ ಯಾರೋ ಹೇಳಿದ್ದರು. ಆಮೇಲೆ ಅವನು ಅಂಗಡಿಗಳಿಗೆ ಹೋಗುವುದನ್ನೇ ಬಿಟ್ಟ.

ಆ ಬೇಸಗೆ ಹಾಗೇ ಸವೆಯಿತು. ಒಂಬತ್ತು ಅಂಗಡಿಯಲ್ಲಿ ಉಳಿದದ್ದು ನಾಲ್ಕು. ಅದರ ಜೊತೆಗೆ ಬಾಟಲಿ ಮಾಯವಾಗತೊಡಗಿದವು. ಸೋಡಾದವರಿಗೆ ಬಾಟಲಿಯೇ ಹೊಲ, ಬಾಟಲಿಯೇ ಎತ್ತು. ಕೊಟ್ಟದ್ದು ಹನ್ನೆರಡಾದರೆ ವಾಪಸು ಬರುವುದು ಏಳು. ಕೇಳಿದರೆ, "ನಿಮ್ಮವ್ರೇ ಬಂದು ತಗಂಡು ಹೋದ್ರಲ್ಲ" ಎನ್ನುವರು. ಹುಲಿಯಮ್ಮ ಪ್ರತಿ ಬಾಟಲಿಯ ಕುತ್ತಿಗೆಗೂ ಅರದಿಂದ ಒಂದು ಗೀರು ಹಾಕಿದಳು. ಆದರೂ ಹೋಗುವುದು ಹೋಗುತ್ತಲೇ ಇತ್ತು.

ಮಳೆ ಹಿಡಿಯಿತು. ಮಳೆಗಾಲದಲ್ಲಿ ಮಲೆನಾಡಿನವರು ಸೋಡಾ ಕುಡಿಯುತ್ತಾರೆಯೇ? ಮಷೀನಿಗೆ ಎಣ್ಣೆ ಹಚ್ಚಿ, ಗೋಣಿ ಹೊದಿಸಿ, ಹುಲಿಯಮ್ಮ ಗದ್ದೆ ನೆಟ್ಟಿಗೆ ಹೋದಳು. ಸಂಜೆ ಬಂದು ಸೀರೆ ಹಿಂಡುವಾಗ ಗುತ್ಯಪ್ಪ ಮೆಲ್ಲಗೆ ಹೇಳಿದ: "ಮಷೀನು ಕೊಟ್ಟುಬಿಡಾಣ ಕಣೇ. ನಮ್ಮ ಹಣೇಲಿ ಬರ್ದಿಲ್ಲ."

"ಯಾರಿಗೆ ಕೊಡೋದು?"

"ಜಯಪ್ಪ ತಗಳ್ತಾನಂತೆ. ಹೇಳಿ ಕಳ್ಸಿದ್ದ."

ಹುಲಿಯಮ್ಮ ಹಿಂಡುತ್ತಿದ್ದ ಸೀರೆಯನ್ನು ಹಾಗೇ ಕೈಯಲ್ಲಿ ಹಿಡಿದು ಗಂಡನ ಮುಖ ನೋಡಿದಳು. ಬೆಳಗಿನಿಂದ ಕೆಸರಿನಲ್ಲಿ ಬಗ್ಗಿ ಬಗ್ಗಿ ಅವಳ ಸೊಂಟ ಬಿದ್ದುಹೋಗಿತ್ತು. ಆ ಗಳಿಗೆಯವರೆಗೂ ಅವಳ ಮನಸ್ಸಿನಲ್ಲೂ ಅದೇ ಮಾತು ಸುಳಿಯುತ್ತಿತ್ತು, ಮಾರಿಬಿಡೋಣ ಎಂದು. ಜಯಪ್ಪನ ಹೆಸರು ಕೇಳಿದ್ದೇ ಸೊಂಟದ ನೋವು ಎಲ್ಲಿ ಹೋಯಿತೋ.

"ಇನ್ನೊಂದು ಸಲ ಆ ಮಾತು ಆಡ್ಬ್ಯಾಡಿ" ಎಂದಳು.

ಕೆಲವರಿಗೆ ದೇವರ ಹೆಸರು ಹೇಳಿದರೆ ಬಲ ಬರುತ್ತದೆ. ಹುಲಿಯಮ್ಮನಿಗೆ ಆ ಎರಡು ಹೆಸರು ಸಾಕಾಗಿತ್ತು. ಬೆಳಿಗ್ಗೆ ಎದ್ದು ಮುಖ ತೊಳೆಯುವಾಗ ಮಂಜುನಾಥಪ್ಪನನ್ನು ನೆನೆಯುವಳು, ಒಲೆಗೆ ಬೆಂಕಿ ಹಾಕುವಾಗ ಜಯಪ್ಪನನ್ನು. ಬೇಸಗೆಯಲ್ಲಿ ಒಣಗಿಸಿಟ್ಟ ಮುರುಗಲ ಹಣ್ಣಿನ ಸಿಪ್ಪೆ ಮನೆಯಲ್ಲಿತ್ತು. ಅದನ್ನು ನೆನೆಹಾಕಿ, ಬೆಲ್ಲ ಹಾಕಿ ಕಾಯಿಸಿ, ಜೀರಿಗೆ, ಒಂದು ಚಿಟಿಕೆ ಉಪ್ಪು ಸೇರಿಸಿ ಪಾಕ ಮಾಡಿದಳು. ಸೋಡಾಕ್ಕೆ ಬೆರೆಸಿದರೆ ಮೊದಲ ಸಲ ಬರೀ ಹುಳಿ. ಎರಡನೇ ಸಲ ಬೆಲ್ಲ ಹೆಚ್ಚಾಗಿ ನೊರೆ ಉಕ್ಕಿ ಚೆಲ್ಲಿತು. ಮಳೆಗಾಲ ಪೂರ್ತಿ ಅದೇ ಆಟ. ಗುತ್ಯಪ್ಪ ಒಂದೊಂದನ್ನೂ ಕುಡಿದು ಹೇಳಬೇಕು. ಕುಡಿದು ಕುಡಿದು ಅವನ ಹಲ್ಲು ಜುಮ್ಮೆನ್ನುತ್ತಿತ್ತು. ನವರಾತ್ರಿಯ ಹೊತ್ತಿಗೆ ಹದ ಸಿಕ್ಕಿತು. ಭಟ್ಟರು ಒಂದು ಗುಟುಕು ಕುಡಿದು, ಲೋಟ ಬೆಳಕಿಗೆ ಹಿಡಿದು ಬಣ್ಣ ನೋಡಿ, ಮತ್ತೆ ಕುಡಿದು ಖಾಲಿ ಮಾಡಿದರು. "ದಿನಾ ಒಂದು ಡಜನ್ ತಾ" ಎಂದರು.

ಮುರುಗಲು ಸೋಡಾದಿಂದಾಗಿ, ಕೈಬಿಟ್ಟಿದ್ದ ಅಂಗಡಿಗಳಲ್ಲಿ ಎರಡು ತಿರುಗಿ ಬಂದವು. ತಿರುಗಿ ಬಂದದ್ದೇ ಬಾಟಲಿ ಮತ್ತೂ ಹೆಚ್ಚು ಕಾಣೆಯಾದವು. ಅರವತ್ತೇಳರ ಫೆಬ್ರವರಿಯಲ್ಲಿ ಒಂದೇ ವಾರದಲ್ಲಿ ಎರಡು ಡಜನ್. ಹುಲಿಯಮ್ಮನಿಗೆ ತಡೆಯಲಾಗಲಿಲ್ಲ. ಮಧ್ಯಾಹ್ನ ಊಟದ ಹೊತ್ತಿನಲ್ಲಿ ನೇರ ಜಯಪ್ಪನ ಅಂಗಡಿಗೆ ನುಗ್ಗಿದಳು.

ಅಂಗಡಿಯಲ್ಲಿ ಯಾರೂ ಇರಲಿಲ್ಲ. ಹಿಂದಿನ ಬಾಗಿಲು ತೆರೆದಿತ್ತು. ಹಿತ್ತಿಲಿನ ಗುಂಡಿಯಲ್ಲಿ ಒಡೆದ ಗಾಜು ಮೊಳಕಾಲೆತ್ತರ ಬಿದ್ದಿತ್ತು. ಬಗ್ಗಿ ಒಂದು ಕುತ್ತಿಗೆಯ ಚೂರು ಎತ್ತಿ ನೋಡಿದಳು. ಅರದ ಗೀರು. ಇನ್ನೊಂದು ಎತ್ತಿದಳು, ಅದಕ್ಕೂ ಗೀರು. ಕದ್ದು ತಾವಾದರೂ ತುಂಬಿ ಮಾರಿದ್ದರೆ ಹೊಟ್ಟೆಗಾಗಿ ಎನ್ನಬಹುದಿತ್ತು. ಇದು ಒಡೆದು ಹಾಕಲೆಂದೇ ಕದ್ದದ್ದು.

ಒಳಗೆ ಬಂದಳು. ಮಷೀನು ಮೂಲೆಯಲ್ಲಿತ್ತು. ಅದನ್ನು ನೋಡಿದ್ದೇ ಗುರುತು ಸಿಕ್ಕಿತು. ಹಿಡಿಕೆಗೆ ಗುತ್ಯಪ್ಪನೇ ಹಾಕಿದ ಬೈನೆ ಮರದ ಹಿಡಿ ಇನ್ನೂ ಹಾಗೇ ಇತ್ತು. ಕೈಯಳತೆಯಲ್ಲಿ ಒಂದು ಕಬ್ಬಿಣದ ಹಾರೆ ಒರಗಿಸಿಟ್ಟಿದ್ದರು. ಎರಡು ಪೆಟ್ಟು ಸಾಕು. ಹುಲಿಯಮ್ಮ ಹಾರೆ ಎತ್ತಿಕೊಂಡಳು. ಹೊಡೆಯುವ ಮುಂಚೆ, ಎಲ್ಲಿಗೆ ಹೊಡೆದರೆ ಮತ್ತೆ ಕೂಡಿಸಲು ಬಾರದು ಎಂದು ನೋಡಲು ಮುಚ್ಚಳದ ಮೇಲಿದ್ದ ಒದ್ದೆ ಗೋಣಿ ಎಳೆದಳು.

ಕೊಂಡಿ ಇರಲಿಲ್ಲ. ಅವಸರದಲ್ಲಿ ಬೆಸೆದ ಕೊಂಡಿ ಮತ್ತೆ ಕಿತ್ತುಬಂದಿತ್ತು. ಅದರ ಜಾಗದಲ್ಲಿ ಐದಾರು ಸುತ್ತು ತಂತಿ.

ತಂತಿ ಆಗಲೇ ಒಂದು ಕಡೆ ಸಡಿಲವಾಗಿತ್ತು. ಇನ್ನಷ್ಟು ಸಡಿಲ ಮಾಡಲು ಎರಡು ಬೆರಳು ಬೇಕಿತ್ತು, ಅಷ್ಟೇ. ನಾಳೆಯೋ ನಾಡಿದ್ದೋ ಬಾಟಲಿ ಸಿಡಿಯುತ್ತದೆ, ತಮ್ಮನೂ ಅಣ್ಣನ ಹಾಗೆ ಒಂದು ಕಣ್ಣಲ್ಲಿ ಲೋಕ ನೋಡುತ್ತಾನೆ. ಬೆರಳು ತಂತಿಯವರೆಗೆ ಹೋಯಿತು. ಕಣ್ಣು ಹೋದರೆ ಜಯಪ್ಪನದು ಹೋಗುತ್ತದೆ, ಮಂಜುನಾಥಪ್ಪ ಸಾಗರದಲ್ಲಿ ಕೂತು "ಇವನೂ ಕುಡ್ದಿದ್ದ" ಎನ್ನುತ್ತಾನೆ. ಆ ಯೋಚನೆ ಬಂದದ್ದೇ ಅವಳು ಕೈ ಹಿಂದಕ್ಕೆ ತೆಗೆದಳು. ಕರುಣೆಯಿಂದಲ್ಲ. ಅವಳಿಗೆ ಬೇಕಾದವನು ಯಜಮಾನ.

ಗೋಣಿಯನ್ನು ಇದ್ದ ಹಾಗೇ ಹೊದಿಸಿ, ಹಾರೆಯನ್ನು ಇದ್ದಲ್ಲೇ ಒರಗಿಸಿ ಹೊರಗೆ ಬಂದಳು.

ಮನೆಯಲ್ಲಿ ಹೇಳಿದಾಗ ಗುತ್ಯಪ್ಪ ಎದ್ದು ನಿಂತ. "ಹೋಗಿ ಹೇಳಿ ಬರ್ತೀನಿ. ಅವನ ಕಣ್ಣಾದ್ರೂ ಉಳೀಲಿ."

"ಹೇಳೋದೆಂತ? ಸುತ್ತಿದ್ದು ಅವನೇ. ಅವನಿಗೆ ಗೊತ್ತಿಲ್ದೇ ಗೋಣಿ ಹೊದ್ಸಿದಾನಾ?" ಎಂದಳು. ಗುತ್ಯಪ್ಪ ಮತ್ತೆ ಕೂತ. ಆದರೆ ಆ ರಾತ್ರಿ ಊಟ ಮಾಡಲಿಲ್ಲ.

ಅದೇ ವಾರ ಭಟ್ಟರು ಒಂದು ಸುದ್ದಿ ತಂದರು. ತೀರ್ಥಹಳ್ಳಿಯ ಹೊಳೆದಂಡೆಯ ಬಯಲಿನಲ್ಲಿ ಟೂರಿಂಗ್ ಟಾಕೀಸಿನವರು ಟೆಂಟು ಹಾಕುತ್ತಿದ್ದಾರೆ, ಮಳೆಗಾಲದವರೆಗೂ ಸಿನಿಮಾ, ದಿನಕ್ಕೆ ಎರಡು ಆಟ. ಟೆಂಟಿನೊಳಗೆ ಸೋಡಾ ಮಾರಲು ಒಬ್ಬರಿಗೇ ಜಾಗ. ಮಷೀನು ಅಲ್ಲಿಯೇ ತಂದು, ಕಣ್ಣೆದುರಿಗೆ ಮಾಡಿ ತೋರಿಸಿದವರಲ್ಲಿ ಆರಿಸುತ್ತಾರಂತೆ. ಮ್ಯಾನೇಜರು ಉಮಾಮಹೇಶ್ವರ ಎಂಬವರು ಭಟ್ಟರ ಪರಿಚಯ. "ಸಾಗರದಿಂದ ಮಂಜುನಾಥಪ್ಪಾನೂ ಬರ್ತಾನಂತೆ. ಹೊಸನಗರದ ಮಷೀನೇ ಅಲ್ಲಿಗೆ ಒಯ್ತಾರೆ. ನಿಂಗೆ ಆಗ್ತದಾ ನೋಡು."

"ಅವರೇ ಬರ್ತಾರಾ?" ಎಂದು ಹುಲಿಯಮ್ಮ ಎರಡು ಸಲ ಕೇಳಿದಳು.

ಬಸ್ಸಿನ ಮೇಲೆ ಮಷೀನು ಕಟ್ಟಿಸಿಕೊಂಡು ಗಂಡಹೆಂಡಿರು ತೀರ್ಥಹಳ್ಳಿಗೆ ಹೋದರು. ಟೆಂಟಿನ ಕಂಬಗಳು ಎದ್ದಿದ್ದವು, ಬಟ್ಟೆ ಇನ್ನೂ ಅರ್ಧ ಎಳೆದಿತ್ತು. ಹಗ್ಗ ಬಿಗಿಯುವ ಆಳುಗಳು, ಟಿಕೆಟ್ ಕೊಡುವವರು, ಸುಮ್ಮನೆ ನೋಡಲು ಬಂದ ಊರವರು ಎಂದು ನಲವತ್ತೈವತ್ತು ಜನ ಸೇರಿದ್ದರು. ಉಮಾಮಹೇಶ್ವರ ಕನ್ನಡಕದ ಸಣಕಲು ಮನುಷ್ಯ, ಮಾತು ಕಮ್ಮಿ.

ಮೊದಲು ಹುಲಿಯಮ್ಮನ ಸರದಿ. ಸೆರಗು ಸೊಂಟಕ್ಕೆ ಸಿಕ್ಕಿಸಿ, ಬಾಟಲಿ ಇಟ್ಟು, ಕೊಂಡಿ ಬಿಗಿದು, ತಾನೇ ಹಿಡಿಕೆ ತಿರುಗಿಸಿದಳು. ಹೆಂಗಸು ಮಷೀನು ತಿರುಗಿಸುವುದನ್ನು ನೋಡದಿದ್ದವರು ಹತ್ತಿರ ಬಂದರು. ಉಮಾಮಹೇಶ್ವರ ಸಾದಾ ಸೋಡಾ ಕುಡಿದರು, ಮುರುಗಲು ಕುಡಿದರು, ತೇಗಿದರು. "ಅಡ್ಡಿಯಿಲ್ಲ" ಎಂದರು.

ಮಂಜುನಾಥಪ್ಪ ಮಡಿಕೆ ಮುರಿಯದ ಬಿಳಿ ಪಂಚೆ ಉಟ್ಟು, ಹೆಗಲಿಗೆ ಶಲ್ಯ ಹಾಕಿ ನಿಂತಿದ್ದ. ಗುತ್ಯಪ್ಪನ ಕಡೆ ಅವನು ಒಮ್ಮೆಯೂ ನೋಡಿರಲಿಲ್ಲ. "ಹ್ಞೂಂ, ತಿರುಗ್ಸೋ" ಎಂದು ಜಯಪ್ಪನಿಗೆ ಹೇಳಿದ. ಜಯಪ್ಪ ಗೋಣಿ ಹೊದಿಸಿದ ಮಷೀನಿನ ಪಕ್ಕಕ್ಕೆ ಸರಿದು, ಮುಖ ಅತ್ತ ತಿರುಗಿಸಿಕೊಂಡು ಹಿಡಿಕೆಗೆ ಕೈ ಹಾಕಿದ.

"ಸ್ವಲ್ಪ ತಡೀರಿ ಸ್ವಾಮಿ" ಎಂದಳು ಹುಲಿಯಮ್ಮ.

ಎಲ್ಲರೂ ಅವಳ ಕಡೆ ತಿರುಗಿದರು. ನಾಲ್ಕು ವರ್ಷದಿಂದ ಕಾದ ಮಾತು, ಎಡವಲಿಲ್ಲ.

"ನಂದೊಂದು ಆಸೆ. ಆ ಮಷೀನು ಯಜಮಾನ್ರು ತಮ್ಮ ಕೈಯಾರೆ ತಿರುಗಿಸ್ಲಿ. ಒಂದೇ ಒಂದು ಸಲ. ಅವರು ತಿರುಗಿಸಿದ್ರೆ ನಂಗೆ ಈ ಟೆಂಟೂ ಬ್ಯಾಡ, ಹೊಸನಗರದ ಅಂಗಡೀನೂ ಬ್ಯಾಡ. ನನ್ನ ಮಷೀನು ಇಲ್ಲೇ ಅವರಿಗೆ ಬಿಟ್ಟು ಹೋಗ್ತೀನಿ."

"ಏ, ಎಂತ ಮಾತಾಡ್ತೀಯೇ" ಎಂದ ಗುತ್ಯಪ್ಪ ಗಾಬರಿಯಿಂದ.

ಮಂಜುನಾಥಪ್ಪ ನಕ್ಕ. "ಬಾಟ್ಲಿ ತೊಳೆಯೋಳ ಹತ್ರ ಪಂಥ ಕಟ್ಟಕ್ಕೆ ನಾನು ಸಾಗರದಿಂದ ಬಂದಿಲ್ಲ."

ಆದರೆ ಜನಕ್ಕೆ ಹುಮ್ಮಸ್ಸು ಬಂದಿತ್ತು. "ಒಂದು ಸಲ ತಿರುಗ್ಸಿಬಿಡಿ ಯಜಮಾನ್ರೇ, ಎರಡೆರಡು ಅಂಗಡಿ ಸಿಗ್ತದೆ" ಎಂದ ಹಗ್ಗದ ಆಳೊಬ್ಬ. ಉಮಾಮಹೇಶ್ವರರೂ, "ತಿರುಗ್ಸಿ, ಅದರಲ್ಲೇನು" ಎಂದರು.

ಮಂಜುನಾಥಪ್ಪ ಮಷೀನಿನ ಹತ್ತಿರ ಹೋದ. ಕೈ ಚಾಚಿದ. ಹಿಡಿಕೆ ಮುಟ್ಟಿದ. ಅಷ್ಟರಲ್ಲೇ ಅವನ ಕುತ್ತಿಗೆ ತಾನಾಗಿ ಹಿಂದಕ್ಕೆ ಬಾಗಿದ್ದನ್ನು ಎಲ್ಲರೂ ನೋಡಿದರು. ಕೈ ವಾಪಸು ಬಂತು.

"ಭುಜ ಹಿಡ್ಕಂಡಿದೆ ನಂಗೆ."

"ಎಡಗೈ ಇದ್ಯಲ್ಲ ಯಜಮಾನ್ರೇ" ಎಂದಳು ಹುಲಿಯಮ್ಮ.

"ಜಯಪ್ಪ, ನೀನು ತಿರುಗ್ಸೋ!" ಅವನ ದನಿ ಏರಿತು.

ಹುಲಿಯಮ್ಮ ಎರಡು ಹೆಜ್ಜೆ ಮುಂದೆ ಹೋಗಿ ಗೋಣಿ ಎಳೆದು ಬಿಸಾಕಿದಳು. ಬಿಸಿಲಿಗೆ ತಂತಿ ಹೊಳೆಯಿತು. "ತಿರುಗ್ಸು ಜಯಪ್ಪ" ಎಂದಳು. "ನಿನ್ನ ಅಣ್ಣ ಇಲ್ಲೇ ನಿಂತಿದಾನೆ. ಮೊದಲು ಅವನ ಮುಖ ನೋಡು, ಆಮೇಲೆ ತಿರುಗ್ಸು."

ಜಯಪ್ಪ ನೋಡಿದ. ನೆಲವನ್ನಲ್ಲ, ಅಣ್ಣನ ಮುಖವನ್ನು. ಕಣ್ಣಿದ್ದ ಜಾಗದ ಕುಳಿಯನ್ನು. ಅವನ ಕೈ ಹಿಡಿಕೆಯಿಂದ ಜಾರಿತು. "ನಾನು ತಿರುಗಿಸಲ್ಲ" ಎಂದ. ಆಮೇಲೆ ಯಾರೂ ಕೇಳದಿದ್ದರೂ ಅವನೇ ಹೇಳಿದ: "ಅವತ್ತೂ ಇದೇ ತಂತಿ. ನಾನೇ ಸುತ್ತಿದ್ದು. ಯಜಮಾನ್ರು ಹೇಳಿದ್ರು, ಸುತ್ತಿದೆ. ಅಣ್ಣ ಕುಡ್ದಿರ್ಲಿಲ್ಲ."

ಉಮಾಮಹೇಶ್ವರ ಬಗ್ಗಿ ತಂತಿಯನ್ನು ಬೆರಳಿನಿಂದ ಮೀಟಿ ನೋಡಿದರು. "ಇದನ್ನ ನನ್ನ ಟೆಂಟಿನೊಳಗೆ ಇಡಕ್ಕೆ ತಂದಿದ್ರಾ? ಹೆಂಗಸರು ಮಕ್ಕಳು ಕೂರೋ ಕಡೆ?" ಎಂದು ಕೇಳಿದರು. ಮಂಜುನಾಥಪ್ಪ ಏನೋ ಹೇಳಲು ಹೋದ. ಹಿಂದಿನಿಂದ ಯಾರೋ, "ಇವತ್ತು ಯಾರು ಕುಡ್ದು ಬಂದಿದಾರೆ ಯಜಮಾನ್ರೇ?" ಎಂದರು. ಜನ ಗೊಳ್ಳೆಂದು ನಕ್ಕರು. ಅವನು ಶಲ್ಯ ಕೊಡವಿ ಬಸ್ ಸ್ಟ್ಯಾಂಡಿನ ಕಡೆ ನಡೆದ. ನಗು ಅವನ ಹಿಂದೆಯೇ ಬಹಳ ದೂರ ಹೋಯಿತು. ಆ ನಗುವನ್ನು ಹುಲಿಯಮ್ಮ ಕಿವಿಯಾರೆ ಕುಡಿದಳು.

"ಸಾಕು ಬಿಡೇ ಇನ್ನು" ಎಂದ ಗುತ್ಯಪ್ಪ. ಅವನ ಒಂದು ಕಣ್ಣು ಒದ್ದೆಯಾಗಿತ್ತು.

ಟೆಂಟಿನ ಜಾಗ ಹುಲಿಯಮ್ಮನಿಗೆ ಸಿಕ್ಕಿತು. ಆ ಬೇಸಗೆ ತೀರ್ಥಹಳ್ಳಿಯಲ್ಲಿ ಅವಳಿಗೆ ಉಸಿರಾಡಲು ಪುರುಸೊತ್ತಿರಲಿಲ್ಲ. ಇಂಟರ್ವಲ್ ಬೆಲ್ಲು ಹೊಡೆದರೆ ಹತ್ತಾರು ಕೈ ಒಟ್ಟಿಗೇ ಮುಂದೆ ಬರುತ್ತಿದ್ದವು. ಗುತ್ಯಪ್ಪ ಕೈ ನಡುಗದೆ ಗೋಲಿ ಒತ್ತಿ ಬಾಟಲಿ ಕೊಡುತ್ತಿದ್ದ. ಗೋಲಿ ಕೆಳಗಿಳಿದು ಟಪ್ಪೆಂದಾಗ ಮೊದಲೆಲ್ಲ ಬೆಚ್ಚುತ್ತಿದ್ದವನು ಈಗ ಬೆಚ್ಚುತ್ತಿರಲಿಲ್ಲ. ಹೊಸನಗರದ ಬ್ರಾಂಚು ಮಳೆಗೆ ಮುಂಚೆ ಬಾಗಿಲು ಹಾಕಿತು. ಸಾಗರದ ಫ್ಯಾಕ್ಟರಿ ಮಾತ್ರ ನಡೆಯುತ್ತಲೇ ಇತ್ತು. ಮಂಜುನಾಥಪ್ಪ ಅಷ್ಟು ಸುಲಭಕ್ಕೆ ಮುಳುಗುವವನಲ್ಲ ಎಂದು ಹುಲಿಯಮ್ಮನಿಗೂ ಗೊತ್ತಿತ್ತು. ಅದು ಗೊತ್ತಿದ್ದದ್ದರಿಂದಲೇ ಅವಳು ಮುಂದಿನ ವರ್ಷಕ್ಕೆ ಸಾಗರದಲ್ಲೊಂದು ಅಂಗಡಿ ನೋಡಿಟ್ಟಳು, ಅವನ ಫ್ಯಾಕ್ಟರಿಯಿಂದ ಕೂಗಳತೆಯಲ್ಲಿ.

ಆರಿದ್ರೆ ಮಳೆ ಹೊಯ್ಯುವಾಗ ಜಯಪ್ಪ ಮನೆಯ ಬಾಗಿಲಿಗೆ ಬಂದು ನಿಂತ. ಯಜಮಾನ ಓಡಿಸಿದ್ದ, ಬೇರೆ ಯಾರೂ ಕೆಲಸ ಕೊಟ್ಟಿರಲಿಲ್ಲ. ಗುತ್ಯಪ್ಪ ಎದ್ದು ಮಣೆ ಹಾಕಲು ಹೋದ. ಹುಲಿಯಮ್ಮ ಮಣೆಯನ್ನು ಕಾಲಿನಿಂದ ಹಿಂದಕ್ಕೆ ತಳ್ಳಿದಳು.

"ಕೆಲಸ ಕೊಡ್ತೀನಿ" ಎಂದಳು. "ಅದಕ್ಕೆ ಮುಂಚೆ ಒಂದು ಕೆಲಸ ಇದೆ. ಎಲ್ಲೆಲ್ಲಿ ನೀನೂ ನಿನ್ನ ಯಜಮಾನನೂ ಅಣ್ಣ ಕುಡುಕ ಅಂದ್ರೋ, ಅಲ್ಲೆಲ್ಲ ಹೋಗಿ ಅದು ಸುಳ್ಳು ಅನ್ಬೇಕು. ನಾನೂ ಸಂಗ್ತಿಗೆ ಬರ್ತೀನಿ."

ಮೊದಲ ದಿನ ಹೊಸನಗರದ ಒಂಬತ್ತು ಅಂಗಡಿ. ಜಯಪ್ಪ ಕೊಡೆ ಮಡಚಿ ಒಳಗೆ ಹೋಗುವನು, ಹುಲಿಯಮ್ಮ ಬಾಗಿಲಲ್ಲಿ ನಿಲ್ಲುವಳು. ಮೆಲ್ಲಗೆ ಹೇಳಿದರೆ, "ಕೇಳ್ಸಲಿಲ್ಲ" ಎನ್ನುವಳು. ಎರಡನೇ ದಿನ ಸಾಗರ. ಪೇಟೆಯ ಹೋಟೆಲುಗಳು, ಬೀಡಾ ಅಂಗಡಿಗಳು, ಕೊನೆಗೆ ಮಂಜುನಾಥಪ್ಪನ ಫ್ಯಾಕ್ಟರಿಯ ಎದುರಿನ ಚಾ ಅಂಗಡಿ. ಅಲ್ಲಿ ಫ್ಯಾಕ್ಟರಿಯ ಕೆಲಸದವರೇ ಕೂತಿದ್ದರು. ಜಯಪ್ಪ ಅತ್ತಿಗೆಯ ಕಡೆ ನೋಡಿದ. ಅವಳು ಮುಖ ತಿರುಗಿಸಲಿಲ್ಲ. ಅವನು ಹೇಳಿದ, ಪೂರ್ತಿ, ತಂತಿಯಿಂದ ಹಿಡಿದು ಗುಂಡಿಯಲ್ಲಿ ಒಡೆದು ಹಾಕಿದ ಬಾಟಲಿಯವರೆಗೆ.

ಸಂಜೆಯ ಬಸ್ಸಿನಲ್ಲಿ ಜನ ಕಡಿಮೆ. ಹುಲಿಯಮ್ಮ ಕಿಟಕಿಯ ಪಕ್ಕ ಕೂತಳು. ಇಷ್ಟಾದ ಮೇಲೆ ಎದೆ ಹಗುರವಾಗಬಹುದೆಂದು ಅವಳು ಎಣಿಸಿದ್ದಳು. ಹಾಗೇನೂ ಆಗಲಿಲ್ಲ. ಉರಿ ಹಾಗೇ ಇತ್ತು, ಬೂದಿ ಮುಚ್ಚಿತ್ತು ಅಷ್ಟೇ. ಜಯಪ್ಪ ಕಂಬಿ ಹಿಡಿದು ಪಕ್ಕದಲ್ಲೇ ನಿಂತಿದ್ದ. ಎದುರಿನ ಸೀಟು ಖಾಲಿಯಿತ್ತು. ಕೂರು ಎಂದು ಅವಳು ಹೇಳಲಿಲ್ಲ, ಅವನೂ ಕೂರಲಿಲ್ಲ. ಬಟ್ಟೆಮಲ್ಲಪ್ಪದ ಸ್ಟಾಪಿನಲ್ಲಿ ಇನ್ನಷ್ಟು ಜನ ಇಳಿದರು. ಆಗಲೂ ಹೇಳಲಿಲ್ಲ.

ಹೊಸನಗರದಲ್ಲಿ ಇಳಿದು ಕೊಡೆ ಬಿಚ್ಚುತ್ತ ಹುಲಿಯಮ್ಮ ಹೇಳಿದಳು: "ನಾಳೆ ಬೆಳಿಗ್ಗೆ ಆರಕ್ಕೆ ಬಾ. ಬಾಟ್ಲಿ ತೊಳಿಬೇಕು. ಮಷೀನು ಮುಟ್ಟಬ್ಯಾಡ."

"ಆಯ್ತು ಅತ್ತಿಗೆ" ಎಂದ ಜಯಪ್ಪ. ಅವಳು ಆಗಲೇ ಮುಂದೆ ಹೋಗಿದ್ದಳು.